ಡಬ್ಬಿಯ ಮೇಲೆ ಆರು ಚುಕ್ಕಿ

ಒಂದೇ ಅಳತೆಯ ಸ್ಟೀಲ್ ಡಬ್ಬಿಗಳಲ್ಲಿ ತುಂಬಿಟ್ಟ ದಿನಸಿಯನ್ನು ಕಣ್ಣು ಕಾಣದವರು ಗುರುತಿಸುವ ದಾರಿ ಒಂದೆರಡಲ್ಲ. ಕಡಲೆಬೇಳೆಯ ಡಬ್ಬಿಯನ್ನು ಅಲ್ಲಾಡಿಸಿದರೆ ಅದರ ಸದ್ದೇ ಹೇಳುತ್ತದೆ. ಮೆಂತ್ಯ, ಜೀರಿಗೆ, ಇಂಗು ಮುಚ್ಚಳ ತೆಗೆಯುವ ಮೊದಲೇ ಮೂಗಿಗೆ ಸಿಗುತ್ತವೆ. ರವೆಯ ತರಿ ಬೆರಳಿಗೆ ತಿಳಿಯುತ್ತದೆ. ಇಟ್ಟ ಜಾಗದ ನೆನಪು ಇವೆಲ್ಲಕ್ಕಿಂತ ದೊಡ್ಡ ಆಧಾರ. ಈ ಜಾಣ್ಮೆಯನ್ನು ಯಾರೂ ಹಗುರವಾಗಿ ಕಾಣಬಾರದು, ಆದರೆ ಅದಕ್ಕೊಂದು ಎಲ್ಲೆ ಇದೆ. ಮೈದಾ ಮತ್ತು ಅಕ್ಕಿಹಿಟ್ಟು ಸದ್ದಿನಲ್ಲಾಗಲಿ ವಾಸನೆಯಲ್ಲಾಗಲಿ ಸುಲಭಕ್ಕೆ ಬೇರೆಯಾಗುವುದಿಲ್ಲ. ಅಡುಗೆ ಸೋಡಾವನ್ನು ಪುಡಿ ಉಪ್ಪಿನಿಂದ ಬೇರ್ಪಡಿಸಲು ನಾಲಗೆಯೇ ಬೇಕು. ಮಾತ್ರೆಗಳ ವಿಷಯಕ್ಕೆ ಬಂದರೆ ನಾಲಗೆಯೂ ಉಪಯೋಗವಿಲ್ಲ. ಸಕ್ಕರೆ ಕಾಯಿಲೆಯ ಮಾತ್ರೆಯ ಪಟ್ಟಿಯೂ ರಕ್ತದೊತ್ತಡದ ಮಾತ್ರೆಯ ಪಟ್ಟಿಯೂ ಕೈಗೆ ಒಂದೇ. ಇಲ್ಲಿ ಬೇಕಾಗುವುದು ಬೆರಳು ಓದಬಲ್ಲ ಹೆಸರು, ಅಂದರೆ ಬ್ರೈಲ್ ಲೇಬಲ್. ಇಂಥ ಲೇಬಲನ್ನು ಮನೆಯಲ್ಲೇ ತಯಾರಿಸುವ ಸಣ್ಣ ಯಂತ್ರಗಳು ಬಂದು ಬಹಳ ಕಾಲವಾಯಿತು. ಅವುಗಳಲ್ಲಿ ಯಾವುದು ಒಳ್ಳೆಯದು ಎಂದು ತೂಗಿ ನೋಡುವಾಗ ಚುಕ್ಕಿಗಳ ಅಂದಕ್ಕಿಂತ, ಯಂತ್ರದ ವೇಗಕ್ಕಿಂತ ಮುಂಚೆ ಕೇಳಬೇಕಾದ ಪ್ರಶ್ನೆ ಒಂದಿದೆ: ಲೇಬಲನ್ನು ಓದುವವರೇ ಅದನ್ನು ಬರೆಯಲೂ ಬಲ್ಲರೇ? ಬೇರೆಯವರು ಬರೆದುಕೊಟ್ಟರೆ ಮಾತ್ರ ಸಿಗುವ ಲೇಬಲ್ ಅರ್ಧ ಲೇಬಲ್ ಎಂಬುದು ನನ್ನ ವಾದ.

ಮೊದಲು ಚುಕ್ಕಿಯೇ ಏಕೆ ಎಂಬುದನ್ನು ನೋಡೋಣ. ಅಂಧರಿಗಾಗಿ ಪ್ಯಾರಿಸ್‌ನಲ್ಲಿ ಶಾಲೆ ತೆರೆದ ವ್ಯಾಲೆಂಟಿನ್ ಆವೀ 1780ರ ದಶಕದಲ್ಲಿ ರೋಮನ್ ಅಕ್ಷರಗಳನ್ನೇ ಕಾಗದದ ಮೇಲೆ ಉಬ್ಬಿಸಿ ಪುಸ್ತಕ ಮಾಡಿಸಿದ. ಕಣ್ಣಿಗೆ ಅವು ಬಹಳ ಚೆನ್ನಾಗಿ ಕಾಣುತ್ತಿದ್ದವು, ಬೆರಳಿಗೆ ಮಾತ್ರ ತ್ರಾಸದಾಯಕವಾಗಿದ್ದವು. ಕಾರಣ ಚರ್ಮದಲ್ಲಿದೆ. ಬೆರಳತುದಿಯ ಚರ್ಮದಡಿ ಮರ್ಕೆಲ್ ಕೋಶಗಳೊಂದಿಗೆ ಸೇರಿಕೊಂಡಿರುವ ನರತುದಿಗಳು ಒತ್ತಡದ ವಿನ್ಯಾಸವನ್ನು ಗ್ರಹಿಸುತ್ತವೆ; ಅವುಗಳ ನೆರವಿನಿಂದ ಬೆರಳು ಬಿಡಿಸಿ ಹೇಳಬಲ್ಲ ಅತಿ ಸಣ್ಣ ವಿವರ ಸುಮಾರು 1 ಮಿಲಿಮೀಟರ್. ಅದಕ್ಕಿಂತ ಸೂಕ್ಷ್ಮವಾದದ್ದೆಲ್ಲ ಕಲಸಿಹೋಗುತ್ತದೆ. ನಮ್ಮ ಕನ್ನಡ ಅಕ್ಷರಗಳನ್ನೇ ಬೆರಳತುದಿಯ ಗಾತ್ರಕ್ಕೆ ಉಬ್ಬಿಸಿದೆವು ಎನ್ನಿ. ವ, ಪ, ಷ ಮೂರನ್ನೂ ಬೇರ್ಪಡಿಸುವುದು ಒಂದು ಪುಟ್ಟ ಗೆರೆ. ಪ ಮತ್ತು ಫ ನಡುವೆಯೂ ಅಷ್ಟೇ. ಗುಂಡಗಿನ ಮೈಯೊಳಗೆ ಹುದುಗಿದ ಆ ಗೆರೆ ಬೆರಳಿಗೆ ಸಿಗುವ ಹೊತ್ತಿಗೆ ಅಕ್ಷರ ಅಂಗೈಯಗಲ ಆಗಿರಬೇಕಾಗುತ್ತದೆ. ಫ್ರೆಂಚ್ ಸೈನ್ಯದಲ್ಲಿದ್ದ ಶಾರ್ಲ್ ಬಾರ್ಬಿಯೆ ಗೆರೆಯನ್ನು ಬಿಟ್ಟು ಚುಕ್ಕಿಗೆ ಬಂದ, ಆದರೆ ಒಂದು ಚಿಹ್ನೆಗೆ ಹನ್ನೆರಡು ಚುಕ್ಕಿಗಳ ಜಾಗ ಇಟ್ಟ. ಬೆರಳು ಮೇಲೆ ಕೆಳಗೆ ಓಡಾಡಿಯೇ ಅದನ್ನು ಓದಬೇಕಿತ್ತು. ಲೂಯಿ ಬ್ರೈಲ್ ಅದನ್ನು ಎರಡು ಕಂಬಸಾಲು, ಪ್ರತಿ ಸಾಲಿಗೆ ಮೂರು, ಒಟ್ಟು ಆರು ಚುಕ್ಕಿಯ ಒಂದು ಮನೆಗೆ ಇಳಿಸಿ 1829ರಲ್ಲಿ ಪ್ರಕಟಿಸಿದಾಗ ಅವನಿಗೆ ಇಪ್ಪತ್ತು ವರ್ಷ. ಎಡಸಾಲಿನಲ್ಲಿ ಮೇಲಿಂದ ಕೆಳಗೆ 1, 2, 3. ಬಲಸಾಲಿನಲ್ಲಿ 4, 5, 6. ಪ್ರತಿ ಜಾಗದಲ್ಲೂ ಚುಕ್ಕಿ ಇರಬಹುದು ಅಥವಾ ಇಲ್ಲದಿರಬಹುದು. ಹಾಗಾಗಿ ಖಾಲಿ ಮನೆಯೂ ಸೇರಿ 64 ರೂಪಗಳು. ಪಕ್ಕಪಕ್ಕದ ಚುಕ್ಕಿಗಳ ಅಂತರ ಸುಮಾರು 2.5 ಮಿಲಿಮೀಟರ್, ಎಂದರೆ ಬೆರಳಿನ ಮಿತಿಗಿಂತ ಎರಡು ಪಟ್ಟು ಹೆಚ್ಚು ಸಡಿಲ. ಇಡೀ ಅಕ್ಷರ ಒಂದೇ ಸ್ಪರ್ಶಕ್ಕೆ ಸಿಗುವಷ್ಟು ಚಿಕ್ಕದು. ಇನ್ನೂರು ವರ್ಷಗಳಿಂದ ಈ ಅಳತೆ ಹೆಚ್ಚೇನೂ ಬದಲಾಗದೆ ಉಳಿದಿರುವುದು ಸಂಪ್ರದಾಯದ ಬಲದಿಂದಲ್ಲ, ಚರ್ಮದ ಗುಣದಿಂದ.

ಈ ಅಳತೆಯೇ ಲೇಬಲ್ ಯಂತ್ರದ ರೂಪವನ್ನೂ ನಿರ್ಧರಿಸುತ್ತದೆ. ಮೇಲಿನ ಚುಕ್ಕಿಯಿಂದ ಕೆಳಗಿನ ಚುಕ್ಕಿಗೆ 5 ಮಿಲಿಮೀಟರ್, ಚುಕ್ಕಿಗಳ ದಪ್ಪ ಸೇರಿದರೆ ಆರೂವರೆ. ಆದ್ದರಿಂದ ಅಂಗಡಿಯಲ್ಲಿ ಸಿಗುವ ಅರ್ಧ ಇಂಚಿನ ಅಂಟುಪಟ್ಟಿಯ ಮೇಲೆ ಒಂದು ಸಾಲು ಬ್ರೈಲ್ ಆರಾಮಾಗಿ ಕೂರುತ್ತದೆ. ಒಂದು ಅಕ್ಷರದಿಂದ ಮುಂದಿನದಕ್ಕೆ ಸುಮಾರು 6 ಮಿಲಿಮೀಟರ್; ಐದು ಮನೆಗಳ ಪದಕ್ಕೆ 3 ಸೆಂಟಿಮೀಟರ್ ಪಟ್ಟಿ ಸಾಕು. ಯಂತ್ರದೊಳಗೆ ನಡೆಯುವುದು ಸರಳ ಕೆಲಸ: ಒಂದು ಬದಿಯಲ್ಲಿ ಮೊಂಡು ಮೊಳೆ, ಎದುರು ಬದಿಯಲ್ಲಿ ಅದಕ್ಕೆ ಹೊಂದುವ ಗುಳಿ, ನಡುವೆ ಪ್ಲಾಸ್ಟಿಕ್. ಸ್ವಲ್ಪವೇ ಒತ್ತಿದರೆ ಪ್ಲಾಸ್ಟಿಕ್ ಬಾಗಿ ಮತ್ತೆ ಮೊದಲಿನಂತೆ ಆಗುತ್ತದೆ. ಅದರ ಸ್ಥಿತಿಸ್ಥಾಪಕ ಮಿತಿಯನ್ನು ದಾಟಿಸಿ ಒತ್ತಿದಾಗಲೇ ಉಬ್ಬು ಉಳಿಯುವುದು. ಮಿತಿ ಮೀರಿ ಒತ್ತಿದರೆ ಚುಕ್ಕಿಯ ನೆತ್ತಿ ಹರಿದು, ಓದುವ ಬೆರಳಿಗೆ ಚುಚ್ಚುತ್ತದೆ. ಸೂಕ್ತ ಎತ್ತರ ಅರ್ಧ ಮಿಲಿಮೀಟರಿನ ಆಸುಪಾಸು. ಅಮೆರಿಕದ ಸಾರ್ವಜನಿಕ ಕಟ್ಟಡಗಳ ಫಲಕಗಳಿಗೆ ಅಲ್ಲಿನ ಕಾನೂನು 0.6ರಿಂದ 0.9 ಮಿಲಿಮೀಟರ್ ಎತ್ತರ ಕೇಳುತ್ತದೆ. ಔಷಧ ಪೆಟ್ಟಿಗೆಗಳ ರಟ್ಟಿನ ಮೇಲಿನ ಚುಕ್ಕಿಗಳು ಅದಕ್ಕಿಂತ ತಗ್ಗು. ಕಾಗದದ ಮೇಲೂ ಬ್ರೈಲ್ ಮೂಡುತ್ತದೆ ನಿಜ, ಆದರೆ ಒದ್ದೆ ಕೈ, ಎಣ್ಣೆ, ಹಬೆ ತಗುಲುವ ಕಡೆ ಕಾಗದದ ನಾರು ಮೆತ್ತಗಾಗಿ ಚುಕ್ಕಿ ಕುಸಿಯುತ್ತದೆ. ಅಡುಗೆಮನೆಗೂ ಬಚ್ಚಲಿಗೂ ಪ್ಲಾಸ್ಟಿಕ್ಕೇ ಸರಿ.

ಉಬ್ಬಕ್ಷರದ ಲೇಬಲ್ ಯಂತ್ರವನ್ನು ಮನೆಮಾತಾಗಿಸಿದ್ದು 1958ರಲ್ಲಿ ಹುಟ್ಟಿದ ಡೈಮೊ ಕಂಪನಿ. ತಿರುಗುವ ಚಕ್ರದಲ್ಲಿ ಅಕ್ಷರವನ್ನು ಹುಡುಕಿ ಹಿಡಿಯನ್ನು ಹಿಸುಕಿದರೆ ಬಣ್ಣದ ಪಟ್ಟಿಯ ಮೇಲೆ ಬಿಳಿಯ ಅಕ್ಷರ ಮೂಡುತ್ತಿತ್ತು. ಅದೇ ತತ್ವದ ಮೇಲೆ ಬ್ರೈಲ್ ಚಕ್ರದ ಯಂತ್ರಗಳೂ ಬಂದವು: ಚಕ್ರದ ಮೇಲೆ ಕಣ್ಣಿನವರಿಗೆ ಮುದ್ರಿತ ಅಕ್ಷರ, ಬೆರಳಿನವರಿಗೆ ಬ್ರೈಲ್ ಅಕ್ಷರ. ಬೆಲೆ ಕಡಿಮೆ, ಬ್ಯಾಟರಿ ಬೇಡ. ಆಮೇಲೆ ಅಮೆರಿಕದ ಎಂಐಟಿಯ ವಿದ್ಯಾರ್ಥಿಗಳ ತರಗತಿ ಯೋಜನೆಯಿಂದ ಸಿಕ್ಸ್‌ಡಾಟ್ ಎಂಬ ಯಂತ್ರ ಹೊರಬಂತು. ಅದರಲ್ಲಿ ಚಕ್ರವಿಲ್ಲ. 1951ರಿಂದ ಜಗತ್ತಿನ ಅಂಧರ ಶಾಲೆಗಳಲ್ಲಿ ಬಳಕೆಗೆ ಬಂದ ಪರ್ಕಿನ್ಸ್ ಬ್ರೈಲರ್ ಎಂಬ ಬ್ರೈಲ್ ಬೆರಳಚ್ಚು ಯಂತ್ರದ ಹಾಗೆ ಆರು ಚುಕ್ಕಿಗೆ ಆರು ಕೀಲಿ. ಬೇಕಾದ ಕೀಲಿಗಳನ್ನು ಹಾರ್ಮೋನಿಯಂ ಮನೆಗಳನ್ನು ಒಟ್ಟಿಗೆ ಹಿಡಿದಂತೆ ಒಮ್ಮೆಲೇ ಒತ್ತಿದರೆ ಅಕ್ಷರ. ಮೂರನೆಯ ಬಗೆಯದು ಕಂಪ್ಯೂಟರ್ ಅಥವಾ ಸಾಮಾನ್ಯ ಕೀಲಿಮಣೆಯಿಂದ ಪದ ತೆಗೆದುಕೊಂಡು ತಾನೇ ಬ್ರೈಲಿಗೆ ತಿರುಗಿಸುವಂಥದು. ಜಪಾನಿನ ಕಿಂಗ್ ಜಿಮ್ ಕಂಪನಿಯ ಟೆಪ್ರಾ ಶ್ರೇಣಿಯಲ್ಲಿ ಮಸಿಯ ಅಕ್ಷರವನ್ನೂ ಉಬ್ಬು ಚುಕ್ಕಿಯನ್ನೂ ಒಂದೇ ಪಟ್ಟಿಯ ಮೇಲೆ ಕೊಡುವ ಮಾದರಿ ಬಂದಿದೆ. ಮೂರನ್ನೂ ಸುಲಭ ಬಳಕೆಯ ಯಂತ್ರಗಳೆಂದೇ ಕರೆಯುತ್ತಾರೆ. ಯಾರಿಗೆ ಸುಲಭ ಎಂದು ಕೇಳಿದಾಗ ಅವು ದೂರದೂರ ಸರಿಯುತ್ತವೆ.

ಕನ್ನಡದ ಮನೆಯಲ್ಲಿಟ್ಟು ಇವನ್ನು ಪರೀಕ್ಷಿಸೋಣ. ಭಾರತದಲ್ಲಿ ಮೊದಲು ಭಾಷೆಗೊಂದು, ಕೆಲವೊಮ್ಮೆ ಒಂದೇ ಭಾಷೆಗೆ ಎರಡೆರಡು ಬ್ರೈಲ್ ಲಿಪಿಗಳಿದ್ದವು. ಯುನೆಸ್ಕೊದ ನೆರವಿನೊಂದಿಗೆ ನಡೆದ ಮಾತುಕತೆಗಳ ಫಲವಾಗಿ 1951ರಲ್ಲಿ ಭಾರತಿ ಬ್ರೈಲ್ ಬಂತು. ಅದರ ಮೂಲ ನಿಯಮ ಉಚ್ಚಾರಣೆಯದು: ಕನ್ನಡದ ಕ, ಹಿಂದಿಯ ಕ, ತಮಿಳಿನ ಕ ಎಲ್ಲಕ್ಕೂ ಒಂದೇ ರೂಪ, ಸಾಧ್ಯವಾದಲ್ಲಿ ಇಂಗ್ಲಿಷಿನ ಸಮಾನ ಧ್ವನಿಯ ಅಕ್ಷರದ ರೂಪವೇ. ಮ ಎಂದರೆ ಇಂಗ್ಲಿಷಿನ ಎಮ್, ರ ಎಂದರೆ ಆರ್, ಇ ಎಂದರೆ ಐ. ಕಾಗುಣಿತದ ಕೊಂಬು ಗುಡಿಸುಗಳಿಲ್ಲ. ವ್ಯಂಜನ ಬರೆದು ಪಕ್ಕದಲ್ಲಿ ಸ್ವರವನ್ನು ಬರೆದರಾಯಿತು, ಅಕಾರವಿದ್ದರೆ ಸಾಮಾನ್ಯವಾಗಿ ಬರೆಯಬೇಕಾಗಿಯೂ ಇಲ್ಲ. ಇದರ ಪರಿಣಾಮ ಬಹಳ ಸೊಗಸಾದದ್ದು. ಇಂಗ್ಲಿಷ್ ಅಕ್ಷರಗಳಷ್ಟೇ ಇರುವ ಚಕ್ರದಲ್ಲಿ ಎ, ಆರ್, ಐ, ಎಸ್, ಐ, ಎನ್ ಎಂದು ತಿರುಗಿಸಿ ಒತ್ತಿದರೆ ಬರುವ ಪಟ್ಟಿ ಶುದ್ಧ ಕನ್ನಡ ಬ್ರೈಲಿನಲ್ಲಿ ಅರಿಸಿನ ಎಂದು ಓದಿಸಿಕೊಳ್ಳುತ್ತದೆ. ಬಿ, ಐ, ಎಸ್, ಐ ಒತ್ತಿದರೆ ನಲ್ಲಿಯ ಪಕ್ಕಕ್ಕೆ ಅಂಟಿಸಲು ಬಿಸಿ ಎಂಬ ಪದ ಸಿದ್ಧ. ಕನ್ನಡವನ್ನು ಕನಸಿನಲ್ಲೂ ಎಣಿಸದ ಯಂತ್ರವೊಂದು ಕನ್ನಡ ಬರೆಯುವುದು 1951ರ ಆ ನಿರ್ಧಾರದ ಕೊಡುಗೆ, ಮತ್ತು ಅದನ್ನು ಮಾಡಿದವರ ದೂರದೃಷ್ಟಿಗೆ ನಾವು ಋಣಿಗಳು.

ಆದರೆ ಉಪ್ಪಿಗೆ ಬಂದರೆ ಚಕ್ರ ತಡವರಿಸುತ್ತದೆ. ಭಾರತಿ ಬ್ರೈಲಿನಲ್ಲಿ ಒತ್ತಕ್ಷರ ಬರೆಯುವಾಗ ಸ್ವರ ಕಳೆದುಕೊಳ್ಳುವ ವ್ಯಂಜನದ ಮುಂಚೆ 4ನೆಯ ಚುಕ್ಕಿ ಒಂದನ್ನೇ ಇಡಬೇಕು. ಉಪ್ಪು ಎಂದರೆ ಉ, 4ನೆಯ ಚುಕ್ಕಿ, ಪ, ಪ, ಉ; ಐದು ಮನೆ. ಇಂಗ್ಲಿಷ್ ಅಕ್ಷರಮಾಲೆಯಲ್ಲಿ 4ನೆಯ ಚುಕ್ಕಿ ಒಂದೇ ನಿಲ್ಲುವ ಅಕ್ಷರವಿಲ್ಲ. ಅದನ್ನು ಬಿಟ್ಟು ಬರೆದರೆ ಉಪಪು ಎಂದಾಗುತ್ತದೆ. ಊಹಿಸಿ ಓದಬಹುದು, ಸರಿಯಾದ ಬರಹ ಅಲ್ಲ. ಹಾಲಿಗೆ ಬೇಕಾದ ಆ, ಕಡಲೆಗೆ ಬೇಕಾದ ಡ, ಬೇಳೆಗೆ ಬೇಕಾದ ಳ ಇವೆಲ್ಲವೂ ಇಂಗ್ಲಿಷಿನ ಇಪ್ಪತ್ತಾರರ ಆಚೆಗಿನ ರೂಪಗಳು. ಇಂಗ್ಲಿಷ್ ಬ್ರೈಲಿನ ಸಂಕ್ಷಿಪ್ತ ಚಿಹ್ನೆಗಳಲ್ಲಿ ಶ, ಥ, ಘ ಧ್ವನಿಗಳಿಗೆ ಹತ್ತಿರದವು ಇವೆ, ಭಾರತಿ ಬ್ರೈಲ್ ಅವನ್ನೂ ಬಳಸಿಕೊಂಡಿದೆ. ಆದರೆ ಯಾವ ಚಕ್ರದಲ್ಲಿ ಯಾವ ಚಿಹ್ನೆ ಇರುತ್ತದೆ ಎಂಬುದು ತಯಾರಕರ ಇಚ್ಛೆ. ಆರು ಕೀಲಿಯ ಯಂತ್ರಕ್ಕೆ ಈ ತೊಡಕೇ ಇಲ್ಲ. ಅದಕ್ಕೆ ಇಂಗ್ಲಿಷೂ ತಿಳಿಯದು, ಕನ್ನಡವೂ ತಿಳಿಯದು; ಅದು ಬಲ್ಲದ್ದು ಆರು ಚುಕ್ಕಿಗಳನ್ನು ಮಾತ್ರ. ಹೀಗಾಗಿ 64 ರೂಪಗಳೂ ಬೆರಳಡಿ ಇರುತ್ತವೆ, ಮತ್ತು ಒಂದೇ ಯಂತ್ರದಲ್ಲಿ ತುಳು ಮಾತಿನ ಮನೆಯವರು ತಮ್ಮ ಪದವನ್ನೂ ಉರ್ದು ಮನೆಯವರು ತಮ್ಮ ಪದವನ್ನೂ ಬರೆಯಬಹುದು. ಹೆಚ್ಚು ತಿಳಿದ ಯಂತ್ರಕ್ಕಿಂತ ಕಡಿಮೆ ತಿಳಿದ ಯಂತ್ರ ಇಲ್ಲಿ ಹೆಚ್ಚು ಜನರಿಗೆ ಒದಗುತ್ತದೆ.

ಓದುವವರೇ ಏಕೆ ಬರೆಯಬೇಕು, ಮನೆಯವರು ಬರೆದುಕೊಟ್ಟರೆ ಸಾಲದೇ ಎಂದು ಕೇಳುವವರಿದ್ದಾರೆ. ಡಬ್ಬಿಯ ಮೇಲೆ ಅಂಟಿಸಿದ ಹೆಸರು ಹಳೆಯದಾಗುತ್ತಾ ಹೋಗುತ್ತದೆ ಎಂಬುದೇ ಇದಕ್ಕೆ ಉತ್ತರ. ಹೆಸರುಕಾಳು ಇದ್ದ ಡಬ್ಬಿಗೆ ಮುಂದಿನ ತಿಂಗಳು ಅವಲಕ್ಕಿ ಬರುತ್ತದೆ. ವೈದ್ಯರು ಮಾತ್ರೆ ಬದಲಿಸುತ್ತಾರೆ. ಅಂದೇ ಲೇಬಲ್ ಬದಲಾಗದಿದ್ದರೆ ಅದು ಬರಿದೆ ಉಪಯೋಗವಿಲ್ಲದ್ದಷ್ಟೇ ಅಲ್ಲ, ತಪ್ಪು ಹೇಳುವಂಥದು. ಇನ್ನೊಬ್ಬರ ಬಿಡುವಿಗೆ ಕಾಯಬೇಕಾದ ಕಡೆ ಲೇಬಲ್ ಬದಲಾಗುವುದು ತಡವಾಗಿಯೇ. ಔಷಧದ ಉದಾಹರಣೆ ಇನ್ನೂ ಸ್ಪಷ್ಟ. ಐರೋಪ್ಯ ಒಕ್ಕೂಟ 2004ರ ನಿರ್ದೇಶನವೊಂದರಲ್ಲಿ ಔಷಧದ ಪೆಟ್ಟಿಗೆಯ ಮೇಲೆ ಹೆಸರನ್ನು ಬ್ರೈಲಿನಲ್ಲಿ ಕೊಡುವುದನ್ನು ಕಡ್ಡಾಯಗೊಳಿಸಿತು. ಅದು ದೊಡ್ಡ ಹೆಜ್ಜೆ, ನಮ್ಮಲ್ಲೂ ಅಂಥ ಕಾನೂನು ಬೇಕು ಎಂಬುದರಲ್ಲಿ ನನಗೆ ಅನುಮಾನವಿಲ್ಲ. ಆದರೆ ನಮ್ಮ ಔಷಧ ಅಂಗಡಿಗಳಲ್ಲಿ ಹತ್ತು ಮಾತ್ರೆಯ ಪಟ್ಟಿಯನ್ನು ಕತ್ತರಿಯಿಂದ ತುಂಡರಿಸಿ ನಾಲ್ಕು ಮಾತ್ರೆ ಕಾಗದದ ಪೊಟ್ಟಣದಲ್ಲಿ ಕೊಡುವುದು ರೂಢಿ. ಪೆಟ್ಟಿಗೆ ಅಂಗಡಿಯಲ್ಲೇ ಉಳಿಯುತ್ತದೆ, ಅದರ ಮೇಲಿನ ಬ್ರೈಲೂ ಅಲ್ಲೇ. ಕಾರ್ಖಾನೆಯಲ್ಲಿ ಮೂಡಿಸಿದ ಅಕ್ಷರ ಮನೆ ತಲುಪದ ಕಡೆ, ಮನೆಯಲ್ಲೇ ಮೂಡಿಸಿಕೊಳ್ಳುವ ಅಕ್ಷರವೇ ದಿಕ್ಕು. ಅಂಗಡಿಯವರು ಬಾಯಲ್ಲಿ ಹೇಳಿದ ಹೆಸರನ್ನು ಮನೆಗೆ ಬಂದ ಕೂಡಲೇ ಪಟ್ಟಿಗೆ ಇಳಿಸಿ ಪೊಟ್ಟಣಕ್ಕೆ ಅಂಟಿಸಬಲ್ಲವರಿಗೆ ರಾತ್ರಿ ಹನ್ನೊಂದಕ್ಕೆ ಯಾರನ್ನೂ ಎಬ್ಬಿಸಬೇಕಾಗಿಲ್ಲ.

ಈಗಿನ ಕಾಲದ ಬಲವಾದ ಆಕ್ಷೇಪ ಮೊಬೈಲಿನದು. ಅಂಧರಿಗೆ ನೆರವಾಗುವ ಆ್ಯಪ್‌ಗಳಾದ ಬಿ ಮೈ ಐಸ್ 2015ರಲ್ಲಿ, ಮೈಕ್ರೊಸಾಫ್ಟ್‌ನ ಸೀಯಿಂಗ್ ಎಐ 2017ರಲ್ಲಿ ಬಂದವು. ಕ್ಯಾಮೆರಾ ಹಿಡಿದರೆ ಫೋನೇ ಓದಿ ಹೇಳುವಾಗ ಪ್ಲಾಸ್ಟಿಕ್ ಪಟ್ಟಿ ಏಕೆ? ಈ ಆ್ಯಪ್‌ಗಳು ನಿಜವಾಗಿ ಉಪಕಾರ ಮಾಡಿವೆ. ಅಂಚೆಯಲ್ಲಿ ಬಂದ ಕಾಗದ, ಅಂಗಡಿಯ ಹೊಸ ಪೊಟ್ಟಣ ಓದಲು ಬ್ರೈಲಿಗಿಂತ ಅವೇ ಮೇಲು. ಆದರೆ ಫೋನು ಓದುವುದು ಮೊದಲೇ ಬರೆದಿರುವುದನ್ನು. ಮನೆಯ ಸ್ಟೀಲ್ ಡಬ್ಬಿಯ ಮೇಲೆ ಏನೂ ಬರೆದಿರುವುದಿಲ್ಲ, ಒಳಗಿನ ಎರಡು ಬಿಳಿ ಹಿಟ್ಟುಗಳನ್ನು ಕ್ಯಾಮೆರಾ ಬೇರ್ಪಡಿಸಲಾರದು. ಮಾತ್ರೆಯ ಹೊಳೆಯುವ ಹಾಳೆ ಬೆಳಕನ್ನು ಹಿಂದಕ್ಕೆ ಚಿಮ್ಮಿಸುತ್ತದೆ, ದುಂಡು ಸೀಸೆಯ ಮೇಲಿನ ಸಾಲು ಅರ್ಧಕ್ಕೇ ತಿರುಗಿಹೋಗುತ್ತದೆ. 2023ರ ಆಗಸ್ಟ್‌ 1ರಿಂದ ನಮ್ಮ ದೇಶದಲ್ಲಿ 300 ಬ್ರಾಂಡ್‌ಗಳ ಔಷಧಗಳ ಮೇಲೆ ಕ್ಯೂಆರ್ ಕೋಡ್ ಇರಬೇಕೆಂಬ ನಿಯಮ ಜಾರಿಗೆ ಬಂದಿದೆ. ಅದರ ಉದ್ದೇಶ ಅಸಲಿ ನಕಲಿ ಪತ್ತೆ. ನುಣುಪು ಮೇಲ್ಮೈಯಲ್ಲಿ ಆ ಚೌಕ ಎಲ್ಲಿದೆ ಎಂದು ಬೆರಳಿಗೆ ಹೇಗೆ ಗೊತ್ತಾಗಬೇಕು? ಇದೆಲ್ಲಕ್ಕಿಂತ ಮುಖ್ಯವಾದ ವ್ಯತ್ಯಾಸ ಇನ್ನೊಂದಿದೆ. ಫೋನಿಗೆ ಒಂದು ಕೈ, ಚಾರ್ಜು, ಬೆಳಕು, ಸುತ್ತ ಸ್ವಲ್ಪ ಮೌನ ಬೇಕು. ಬ್ರೈಲ್ ಲೇಬಲನ್ನು ಡಬ್ಬಿ ಹಿಡಿಯುವ ಕೈಯೇ, ಹಿಡಿಯುವ ಹೊತ್ತಿನಲ್ಲೇ ಓದಿಬಿಡುತ್ತದೆ. ಬ್ರಿಟನ್ನಿನ ಅಂಧರ ಸಂಸ್ಥೆ ಆರ್‌ಎನ್‌ಐಬಿ ತಂದ ಪೆನ್‌ಫ್ರೆಂಡ್ ಎಂಬ ಮಾತಾಡುವ ಪೆನ್ನಿನ ಬಗ್ಗೆ ಮಾತ್ರ ನನಗೆ ಬೇರೆಯೇ ಗೌರವವಿದೆ: ಅಂಟಿಸಿದ ಚೀಟಿಗೆ ತಾಕಿಸಿ ತನ್ನದೇ ದನಿಯಲ್ಲಿ ಹೆಸರು ಹೇಳಿಟ್ಟರೆ, ಮತ್ತೆ ತಾಕಿಸಿದಾಗ ಅದೇ ದನಿ ಕೇಳುತ್ತದೆ. ಓದುವವರೇ ಬರೆಯುವ ಗುಣ ಅದರಲ್ಲೂ ಇದೆ, ಬ್ರೈಲ್ ಬಾರದವರಿಗೆ ಅದು ಸರಿಯಾದ ಸಾಧನ.

ಹಾಗಾದರೆ ಬ್ರೈಲ್ ಬಲ್ಲವರು ಎಷ್ಟು ಜನ ಎಂಬ ಪ್ರಶ್ನೆಯನ್ನೂ ತಪ್ಪಿಸಿಕೊಳ್ಳಲಾಗದು. 2011ರ ಜನಗಣತಿ ದೇಶದಲ್ಲಿ ಸುಮಾರು 50 ಲಕ್ಷ, ಕರ್ನಾಟಕದಲ್ಲಿ 2.5 ಲಕ್ಷಕ್ಕೂ ಹೆಚ್ಚು ಜನರನ್ನು ದೃಷ್ಟಿದೋಷವುಳ್ಳವರೆಂದು ಎಣಿಸಿತು. ಇವರಲ್ಲಿ ಬಹಳ ಮಂದಿ ನಡುವಯಸ್ಸು ದಾಟಿದ ಮೇಲೆ ದೃಷ್ಟಿ ಕಳೆದುಕೊಂಡವರು, ಬ್ರೈಲ್ ಕಲಿಸುವ ಶಾಲೆಯ ಮೆಟ್ಟಿಲು ಹತ್ತದವರು. ವಯಸ್ಸಾದ ಬೆರಳಿಗೆ ಚುಕ್ಕಿ ಸಿಗುವುದಿಲ್ಲ ಎಂಬ ಮಾತು ಸಾಮಾನ್ಯವಾಗಿ ಕೇಳಿಬರುತ್ತದೆ. ಗೋಲ್ಡ್‌ರೈಖ್ ಮತ್ತು ಕ್ಯಾನಿಕ್ಸ್ 2003ರಲ್ಲಿ ಪ್ರಕಟಿಸಿದ ಅಧ್ಯಯನ ಇದಕ್ಕೆ ಒಂದು ಉತ್ತರ. ವಯಸ್ಸಾದಂತೆ ಸ್ಪರ್ಶದ ಸೂಕ್ಷ್ಮತೆ ತಗ್ಗುವುದು ನಿಜ. ಆದರೆ ಅಂಧರ ಸೂಕ್ಷ್ಮತೆ ಸರಾಸರಿಯಲ್ಲಿ ತಮಗಿಂತ 23 ವರ್ಷ ಕಿರಿಯರಾದ ದೃಷ್ಟಿಯುಳ್ಳವರಷ್ಟಿತ್ತು, ಮತ್ತು ಈ ಹೆಚ್ಚುಗಾರಿಕೆ ಬ್ರೈಲ್ ಓದುವವರಿಗೆ ಮಾತ್ರ ಸೀಮಿತವಾಗಿರಲಿಲ್ಲ. ಮಧುಮೇಹದಿಂದ ಬೆರಳ ನರಗಳೇ ಮಂಕಾದವರ ವಿಷಯ ಬೇರೆ. ಅವರಿಗೆ ದನಿಯ ಲೇಬಲೇ ದಾರಿ. ಉಳಿದವರು ನೆನಪಿಡಬೇಕಾದದ್ದು, ಲೇಬಲ್ ಓದುವುದು ಕಾದಂಬರಿ ಓದಿದಂತಲ್ಲ. ನಿಮಿಷಕ್ಕೆ ನೂರು ಪದದ ವೇಗ ಇಲ್ಲಿ ಬೇಡ. ಮನೆಯಲ್ಲಿರುವ ವಸ್ತುಗಳ ಮೂವತ್ತು ನಲವತ್ತು ಹೆಸರು ಸಾಕು, ಎಷ್ಟೋ ಕಡೆ ಮೊದಲಕ್ಷರವೊಂದೇ ಸಾಕು. ಬ್ರೈಲ್ ತಿಳಿದ ಮೇಲೆ ಲೇಬಲ್ ಎನ್ನುವ ಕ್ರಮವನ್ನು ತಿರುವಿಹಾಕಿ, ಲೇಬಲಿನಿಂದಲೇ ಬ್ರೈಲ್ ಕಲಿಯಬಹುದು ಎಂದು ನಾನು ನಂಬುತ್ತೇನೆ. ದಿನಕ್ಕೆ ಹತ್ತು ಬಾರಿ ಕೈಗೆ ಬರುವ ಉಪ್ಪಿನ ಡಬ್ಬಿ ಪ ಅಕ್ಷರವನ್ನು ಕಲಿಸುವಷ್ಟು ಸಹಜವಾಗಿ ಪಾಠಪುಸ್ತಕ ಕಲಿಸದು.

ರಬ್ಬರ್ ಬ್ಯಾಂಡ್ ಸುತ್ತಿದರೆ, ಗುಂಡಿ ಅಂಟಿಸಿದರೆ ಸಾಲದೇ ಎಂಬುದು ಸರಳ ಆಕ್ಷೇಪ, ಮತ್ತು ಅರ್ಧ ಸರಿ. ಜಪಾನಿನ ಕಾವೊ ಕಂಪನಿ 1991ರಲ್ಲಿ ಶಾಂಪೂ ಸೀಸೆಯ ಬದಿಗೆ ಗೀರು ಹಾಕಿ ಕಂಡಿಷನರ್ ಸೀಸೆಯನ್ನು ನುಣುಪಾಗಿ ಬಿಟ್ಟಿತು. ಬೇರೆ ಕಂಪನಿಗಳೂ ಅದನ್ನು ಅನುಸರಿಸಿದವು. ಎರಡರಲ್ಲಿ ಒಂದನ್ನು ಆರಿಸಲು ಇದಕ್ಕಿಂತ ಒಳ್ಳೆಯ ಉಪಾಯವಿಲ್ಲ. ಇಪ್ಪತ್ತರಲ್ಲಿ ಒಂದನ್ನು ಆರಿಸುವಾಗ ಯಾವ ಗುರುತಿಗೆ ಯಾವ ಅರ್ಥ ಎಂಬ ಪಟ್ಟಿಯನ್ನೇ ಬೇರೆ ನೆನಪಿಡಬೇಕು. ಬೆಲೆಯ ಆಕ್ಷೇಪ ಹೆಚ್ಚು ಗಟ್ಟಿಯದು. ಹೊರದೇಶದಿಂದ ತರಿಸುವ ಆರು ಕೀಲಿಯ ಯಂತ್ರ ನಮ್ಮ ಸಾಮಾನ್ಯ ಮನೆಗೆ ದುಬಾರಿ, ಕೈಯಿಂದ ಚುಕ್ಕಿ ಚುಚ್ಚುವ ಬ್ರೈಲ್ ಸ್ಲೇಟು ಮತ್ತು ಸ್ಟೈಲಸ್ಸು ಅಗ್ಗ, ಅವುಗಳಿಂದಲೂ ಅಂಟುಹಾಳೆಯ ಮೇಲೆ ಲೇಬಲ್ ಬರೆಯಬಹುದು. ಶಾಲೆಯಲ್ಲಿ ಬ್ರೈಲ್ ಕಲಿತವರು ಹಾಗೆಯೇ ಮಾಡಲಿ. ಆದರೆ ಸ್ಲೇಟಿನಲ್ಲಿ ಹಿಂಬದಿಯಿಂದ ಚುಚ್ಚಬೇಕು, ಬಲದಿಂದ ಎಡಕ್ಕೆ, ಕನ್ನಡಿಯ ಬಿಂಬದಂತೆ ತಿರುಗಿಸಿ. ಬರೆದದ್ದು ಸರಿಯೇ ಎಂದು ತಿಳಿಯುವುದು ಹಾಳೆ ತೆಗೆದು ಮಗುಚಿದ ಮೇಲೆ. ಐವತ್ತೈದರಲ್ಲಿ ದೃಷ್ಟಿ ಕಳೆದುಕೊಂಡು ಈಗಷ್ಟೇ ಅಕ್ಷರ ಕಲಿಯುತ್ತಿರುವವರಿಗೆ ಈ ತಿರುಗುಮುರುಗು ಭಾರ. ಯಂತ್ರದಲ್ಲಿ ಬರೆಯುವ ದಿಕ್ಕೂ ಓದುವ ದಿಕ್ಕೂ ಒಂದೇ. ಪ್ರತಿ ಮನೆಗೊಂದು ಯಂತ್ರ ಬೇಕಾಗಿಯೂ ಇಲ್ಲ. ತಾಲ್ಲೂಕು ಗ್ರಂಥಾಲಯದಲ್ಲಿ ಒಂದಿದ್ದರೆ ಒಂದು ಮಧ್ಯಾಹ್ನದಲ್ಲಿ ಒಂದು ಮನೆಯ ಲೇಬಲ್‌ಗಳೆಲ್ಲ ಮುಗಿಯುತ್ತವೆ.

ಅಂಟಿಸುವುದರಲ್ಲೂ ಸ್ವಲ್ಪ ವಿದ್ಯೆಯಿದೆ. ಲೇಬಲ್ ಮುಚ್ಚಳದ ಮೇಲಿರಬಾರದು, ಒಂದೇ ಅಳತೆಯ ಮುಚ್ಚಳಗಳು ತೊಳೆಯುವಾಗ ಅದಲು ಬದಲಾಗುತ್ತವೆ. ಡಬ್ಬಿಯ ಮೈಮೇಲೆ, ಅದೂ ಎಣ್ಣೆಯ ಜಿಡ್ಡು ತೆಗೆದ ಮೇಲೆ ಅಂಟಿಸಬೇಕು. ಮಾತ್ರೆಯ ಪಟ್ಟಿಯ ಮೇಲೆ ಅಂಟಿಸುವುದಾದರೆ ಅವಧಿ ಮುಗಿಯುವ ತಾರೀಖು ಮುಚ್ಚಿಹೋಗದಂತೆ ಮನೆಯವರನ್ನು ಒಮ್ಮೆ ಕೇಳಿಕೊಳ್ಳುವುದು ಒಳ್ಳೆಯದು. ಒಂದು ಅಪಾಯವಂತೂ ಬ್ರೈಲಿನ ರಚನೆಯಲ್ಲೇ ಅಡಗಿದೆ. ಪಟ್ಟಿ ತಲೆಕೆಳಗಾದರೆ 1ನೆಯ ಚುಕ್ಕಿ 6ರ ಜಾಗಕ್ಕೆ, 2 ಐದರ ಜಾಗಕ್ಕೆ, 3 ನಾಲ್ಕರ ಜಾಗಕ್ಕೆ ಹೋಗುತ್ತವೆ. ಆಗ ಲ ಎಂಬುದು ಳ ಆಗುತ್ತದೆ, ನ ಎಂಬುದು ಧ, ಸ ಎಂಬುದು ಆ, ಯ ಎಂಬುದು ಷ. ನಿಂತ ಡಬ್ಬಿಗೆ ತಲೆ ಬುಡ ಇದೆ, ಮಾತ್ರೆಯ ತುಂಡುಪಟ್ಟಿಗೆ ಇಲ್ಲ. ಆದ್ದರಿಂದ ಲೇಬಲಿನ ಬಲಗಡೆಯ ಮೇಲಿನ ಮೂಲೆಯನ್ನು ಕತ್ತರಿಯಿಂದ ಚೂರು ಓರೆಯಾಗಿ ಕತ್ತರಿಸುವ ಅಭ್ಯಾಸ ಮಾಡಿಕೊಳ್ಳಬೇಕು. ಬೆರಳು ಮೊದಲು ಆ ಮೂಲೆಯನ್ನು ಹುಡುಕುತ್ತದೆ, ಆಮೇಲೆ ಅಕ್ಷರವನ್ನು.

ಕಣ್ಣಿರುವವರೂ ಇಲ್ಲದವರೂ ಒಟ್ಟಿಗೆ ಬಾಳುವ ಮನೆಗೆ ಹೊಂದುವ ಯಂತ್ರ ಇನ್ನೂ ಪೂರ್ತಿಯಾಗಿ ರೂಪುಗೊಳ್ಳಬೇಕಾಗಿದೆ. ಆರು ಕೀಲಿಯ ಯಂತ್ರದ ಪಟ್ಟಿಯನ್ನು ಬ್ರೈಲ್ ಬಾರದ ಸೊಸೆ ಓದಲಾರಳು. ಕೀಲಿಮಣೆಯ ಯಂತ್ರವನ್ನು ದೃಷ್ಟಿಯಿಲ್ಲದ ಅತ್ತೆ ನಡೆಸಲಾರಳು. ಬೇಕಾಗಿರುವುದು ಆರು ಕೀಲಿಯನ್ನು ಹಾಗೇ ಉಳಿಸಿಕೊಂಡು, ಒತ್ತಿದ್ದನ್ನು ಕನ್ನಡ ದನಿಯಲ್ಲಿ ಹೇಳಿ, ಚುಕ್ಕಿಯ ಜೊತೆಗೆ ಮಸಿಯಲ್ಲಿ ಉಪ್ಪು ಎಂದೂ ಮೂಡಿಸುವ ಯಂತ್ರ. ಅದಕ್ಕೆ ಬೇಕಾದ ಭಾಗಗಳಲ್ಲಿ ಯಾವುದೂ ಹೊಸದಾಗಿ ಹುಟ್ಟಬೇಕಾಗಿಲ್ಲ. ಲಿಬ್‌ಲೂಯಿ ಎಂಬ ಮುಕ್ತ ತಂತ್ರಾಂಶದಲ್ಲಿ ಕನ್ನಡದ ಬ್ರೈಲ್ ಕೋಷ್ಟಕ ಇದೆ, ಯಾರು ಬೇಕಾದರೂ ಅದನ್ನು ಬಳಸಬಹುದು. ಬ್ರೈಲ್ ಕಲಿಸಿಕೊಡುವ ಆ್ಯನಿ ಎಂಬ ಸಾಧನವನ್ನು ಬೆಂಗಳೂರಿನ ಥಿಂಕರ್‌ಬೆಲ್ ಲ್ಯಾಬ್ಸ್ ರೂಪಿಸಿದೆ. ಮತಯಂತ್ರದ ಗುಂಡಿಗಳ ಪಕ್ಕದಲ್ಲಿ ಬ್ರೈಲ್ ಅಂಕಿಗಳಿವೆ, ಆ ಯಂತ್ರಗಳನ್ನು ತಯಾರಿಸುವ ಎರಡು ಸಂಸ್ಥೆಗಳಲ್ಲಿ ಒಂದಾದ ಬಿಇಎಲ್ ಬೆಂಗಳೂರಿನದೇ. ಐದು ವರ್ಷಕ್ಕೊಮ್ಮೆ ಒತ್ತುವ ಗುಂಡಿಗೆ ಚುಕ್ಕಿ ಮೂಡಿಸಿದ ಊರಿನಲ್ಲಿ, ದಿನಕ್ಕೆ ಮೂರು ಹೊತ್ತು ತೆಗೆಯುವ ಡಬ್ಬಿಗೆ ಚುಕ್ಕಿ ಮೂಡಿಸುವ ಯಂತ್ರವನ್ನು ಕೈಗೆಟಕುವ ಬೆಲೆಗೆ ಕಟ್ಟಲು ಬೇಕಾದ ಕೌಶಲವೂ ಕಾರ್ಖಾನೆಯೂ ಇವೆ.